ಸಾಪಾದ ಮೆಟ್ಟಿಲು ಗದ್ದೆಗಳಲ್ಲಿ ಎರಡು ದಿನ

ನಿಮ್ಮ ಮನೆಯ ಹಿತ್ತಲಿನಲ್ಲಿ ಸೀಮೆಬದನೆ ಬಳ್ಳಿ ಇದೆಯೆ? ಇದ್ದರೆ ಕಾಯಿಯನ್ನು ಹುಳಿಗೋ ಪಲ್ಯಕ್ಕೋ ಕೊಯ್ಯುತ್ತೀರಿ. ಕುಡಿಯನ್ನು ಏನು ಮಾಡುತ್ತೀರಿ? ನಾನಂತೂ ಮೂವತ್ತು ವರ್ಷ ಅದನ್ನು ದನಕ್ಕೆ ಹಾಕಿದವಳು. ಅದು ಮನುಷ್ಯರು ತಿನ್ನುವ ವಸ್ತು, ಅದೂ ಬಹಳ ರುಚಿಯಾದ ವಸ್ತು ಎಂದು ಕಲಿಯಲು ನಾನು ವಿಯೆಟ್ನಾಂ ದೇಶದ ತನಕ ಹೋಗಬೇಕಾಯಿತು ಅಂದರೆ ನೀವು ನಗುತ್ತೀರಿ. ನಗಿ, ಪರವಾಗಿಲ್ಲ. ಮನೆಯಲ್ಲಿ ಎಲ್ಲರೂ ನಕ್ಕಾಗಿದೆ.

ಹೋದದ್ದು 2024ರ ಮೇ ತಿಂಗಳಲ್ಲಿ. ಬೆಂಗಳೂರಿನಲ್ಲಿ ಕೆಲಸದಲ್ಲಿರುವ ಮಗಳು ರಜೆ ಹಾಕಿ, “ಅಮ್ಮಾ, ನೀನು ಗದ್ದೆಯಲ್ಲೇ ಹುಟ್ಟಿ ಬೆಳೆದವಳು, ಬಾ ನಿನಗೊಂದು ಗದ್ದೆ ತೋರಿಸ್ತೀನಿ” ಎಂದಳು. “ಗದ್ದೆ ನೋಡೋಕೆ ವಿಮಾನ ಹತ್ತಬೇಕೇನೇ? ತೀರ್ಥಹಳ್ಳಿ ಬಸ್ಸು ಹತ್ತಿದರೆ ಸಾಲದೆ?” ಎಂದೆ ನಾನು. ನಮ್ಮವರು ಪೇಪರಿನ ಹಿಂದಿನಿಂದಲೇ, “ಹೋಗಿ ಬಾ. ಆದರೆ ಮಂಡಿ ನೋವು ಅಂತ ಬೆಟ್ಟದ ಮೇಲೆ ಕೂತುಬಿಟ್ಟರೆ ಹೊತ್ತು ತರೋಕೆ ನಾನಿರೋದಿಲ್ಲ” ಎಂದರು. ಆ ಮಾತಿಗೇ ಹಟ ಬಂದು ಹೊರಟೆ. ಜೊತೆಗೆ ನನ್ನ ವಾರಗಿತ್ತಿ. ಐವತ್ತು ದಾಟಿದ ಇಬ್ಬರು, ಇಪ್ಪತ್ತೇಳರ ಒಬ್ಬಳು. ಚಟ್ನಿಪುಡಿ, ಅವಲಕ್ಕಿ, ಎರಡು ಜೊತೆ ಮಂಡಿಪಟ್ಟಿ. ಇದು ನಮ್ಮ ದಂಡು!

ಸಾಪಾ ಎಲ್ಲಿದೆ ಗೊತ್ತೆ? ವಿಯೆಟ್ನಾಮಿನ ವಾಯವ್ಯ ಮೂಲೆಯಲ್ಲಿ, ಚೀನಾ ಗಡಿಗೆ ಸಮೀಪ, ಲಾವ್ ಕೈ ಪ್ರಾಂತ್ಯದಲ್ಲಿ. ಸುಮಾರು 1500 ಮೀಟರ್ ಎತ್ತರ. ನಮ್ಮ ಬ್ರಿಟಿಷರು ಊಟಿ ಮಾಡಿಕೊಂಡ ಹಾಗೆ ಅಲ್ಲಿನ ಫ್ರೆಂಚರು ಕಳೆದ ಶತಮಾನದ ಆರಂಭದಲ್ಲಿ ಬೇಸಗೆ ಕಳೆಯಲು ಮಾಡಿಕೊಂಡ ಊರು. ಹನೋಯಿಯಿಂದ ಬಸ್ಸಿನಲ್ಲಿ ಐದಾರು ಗಂಟೆ. ರಾತ್ರಿ ರೈಲಿನಲ್ಲಿ ಲಾವ್ ಕೈ ಪಟ್ಟಣಕ್ಕೆ ಬಂದು, ಅಲ್ಲಿಂದ ಘಟ್ಟದ ರಸ್ತೆ ಹತ್ತಿಯೂ ಬರಬಹುದು. 1979ರಲ್ಲಿ ಚೀನಾದ ಸೈನ್ಯ ಗಡಿ ದಾಟಿ ಬಂದಾಗ ಈ ಊರು ಬಹಳ ಹಾಳಾಗಿತ್ತು. ವಿದೇಶದ ಪ್ರವಾಸಿಗಳಿಗೆ ಬಾಗಿಲು ತೆರೆದದ್ದು 1990ರ ದಶಕದ ಆರಂಭದಲ್ಲಿ. ಈಗ ಎಲ್ಲಿ ನೋಡಿದರೂ ಹೋಟೆಲು, ಕಟ್ಟಡ ಕಟ್ಟುವ ಧೂಳು. ಎದುರಿಗಿರುವ ಫಾನ್ಸಿಪಾನ್ ಶಿಖರ 3,140 ಮೀಟರಿಗೂ ಎತ್ತರ; ಅದಕ್ಕೆ 2016ರಿಂದ ತೂಗುತೊಟ್ಟಿಲಿನ ಬಂಡಿಯೂ ಇದೆ. ನಾವು ಅದನ್ನು ಹತ್ತಲಿಲ್ಲ. ಮೋಡ ಮುಚ್ಚಿತ್ತು, ಟಿಕೀಟೂ ದುಬಾರಿ. ಊರಿನ ಬಗ್ಗೆ ಇಷ್ಟು ಸಾಕು. ನೋಡಬೇಕಾದದ್ದು ಊರಿನ ಕೆಳಗಿದೆ.

ಬೆಳಿಗ್ಗೆ ಒಂಬತ್ತಕ್ಕೆ ನಮ್ಮ ದಾರಿ ತೋರಿಸುವ ಹುಡುಗಿ ಹೋಟೆಲಿನ ಬಾಗಿಲಿಗೆ ಬಂದಳು. ಹ್ಮಾಂಗ್ ಜನಾಂಗದವಳು. ವಿಯೆಟ್ನಾಮಿನಲ್ಲಿ ಸರ್ಕಾರದ ಲೆಕ್ಕದಲ್ಲಿ 54 ಜನಾಂಗಗಳು. ಬಯಲಿನ ಕಿನ್ ಜನ ನೂರಕ್ಕೆ ಎಂಬತ್ತೈದರಷ್ಟು, ಉಳಿದ 53 ಜನಾಂಗಗಳು ಸೇರಿ ಮಿಕ್ಕ ಹದಿನೈದು. ಸಾಪಾದ ಸುತ್ತ ಕರಿ ಹ್ಮಾಂಗ್, ಕೆಂಪು ಜಾವ್, ಜಾಯ್ ಜನ ಹೆಚ್ಚು. ಒಬ್ಬೊಬ್ಬರದು ಒಂದೊಂದು ಭಾಷೆ, ಒಂದೊಂದು ಉಡುಗೆ. ಹ್ಮಾಂಗ್ ಜನ ಚೀನಾದ ದಕ್ಷಿಣದಿಂದ ಇನ್ನೂರು ಮುನ್ನೂರು ವರ್ಷಗಳ ಹಿಂದಿನಿಂದ ಗುಂಪು ಗುಂಪಾಗಿ ಈ ಬೆಟ್ಟಗಳಿಗೆ ಬಂದವರು.

ಹುಡುಗಿಗೆ ಇಪ್ಪತ್ತನಾಲ್ಕು ವರ್ಷ. ಮೊಣಕಾಲಿನ ತನಕ ಕಪ್ಪು ಚಡ್ಡಿ, ಕೆಳಗೆ ಕಾಲಿಗೆ ಸುತ್ತಿದ ಬಟ್ಟೆಪಟ್ಟಿ, ಮೇಲೆ ಕಡುನೀಲಿ ಅಂಗಿ, ತೋಳಿಗೆ ಬಣ್ಣದ ಕಸೂತಿ. ಕಾಲಿಗೆ ಪ್ಲಾಸ್ಟಿಕ್ ಚಪ್ಪಲಿ! ನಾನು ಮಗಳ ಒತ್ತಾಯಕ್ಕೆ ನಾಲ್ಕು ಸಾವಿರ ಕೊಟ್ಟು ಬೂಟು ಕೊಂಡಿದ್ದೆ. ಎರಡು ದಿನದಲ್ಲಿ ನಾನು ಮೂರು ಸಲ ಜಾರಿದೆ, ಅವಳು ಒಂದು ಸಲವೂ ಇಲ್ಲ. ಅವಳ ಇಂಗ್ಲಿಷು ನನ್ನದಕ್ಕಿಂತ ಎಷ್ಟೋ ಚೆನ್ನಾಗಿತ್ತು. ಎಲ್ಲಿ ಕಲಿತೆ ಎಂದರೆ, “ಬೀದಿಯಲ್ಲಿ, ಕೈಬಳೆ ಮಾರುತ್ತಾ” ಎಂದಳು. ಶಾಲೆ ಅರ್ಧಕ್ಕೆ ಬಿಟ್ಟವಳು. ಮಾತಾಡುವಷ್ಟು ಸಲೀಸಾಗಿ ಬರೆಯಲು ಬಾರದು. ಮೂರು ವರ್ಷದ ಮಗ ಮನೆಯಲ್ಲಿ, ಅತ್ತೆಯ ಹತ್ತಿರ.

“ಅತ್ತೆ ಏನೂ ಅನ್ನೋದಿಲ್ವೇ?” ಎಂದಳು ನನ್ನ ವಾರಗಿತ್ತಿ. ನೋಡಿ, ಹೊರಟು ಹತ್ತು ನಿಮಿಷ ಆಗಿಲ್ಲ, ಪರದೇಶದ ಹುಡುಗಿಯ ಹತ್ತಿರ ಅತ್ತೆ ಪುರಾಣ! ಹುಡುಗಿ ನಕ್ಕಳು. “ಮೊದಲು ಅನ್ನುತ್ತಿದ್ದರು. ಈಗ ಗೊಬ್ಬರಕ್ಕೂ ಫೋನಿಗೂ ನನ್ನ ದುಡ್ಡೇ. ಈಗ ಅನ್ನೋದಿಲ್ಲ.”

ಊರು ದಾಟಿ ರಸ್ತೆಯ ತಿರುವಿನಲ್ಲಿ ನಿಂತಾಗ ಕಣಿವೆ ಕಾಣಿಸಿತು. ಮುವಾಂಗ್ ಹೋವಾ ಕಣಿವೆ. ಗೆಳತಿಯರೇ, ಇದನ್ನು ಹೇಗೆ ಬರೆಯಲಿ? ಇಡೀ ಬೆಟ್ಟವೇ ಬುಡದಿಂದ ನೆತ್ತಿಯ ತನಕ ಗದ್ದೆ. ಬೆಟ್ಟದ ಸೊಂಟ ಬಳುಕಿದ ಕಡೆಯೆಲ್ಲಾ ಬದುವೂ ಬಳುಕಿದೆ. ಕೆಲವು ಗದ್ದೆ ನಮ್ಮ ನಡುಮನೆಯಷ್ಟು, ಕೆಲವು ಒಂದು ಚಾಪೆ ಹಾಸುವಷ್ಟು ಮಾತ್ರ. ಮೇ ತಿಂಗಳಾದ್ದರಿಂದ ಎಲ್ಲದರಲ್ಲೂ ನೀರು ನಿಲ್ಲಿಸಿದ್ದರು. ಮೋಡ ಸರಿದಾಗ ನೂರಾರು ಕನ್ನಡಿ ಒಟ್ಟಿಗೆ ಹೊಳೆದ ಹಾಗಾಯಿತು. ನಮ್ಮ ಮಲೆನಾಡಿನಲ್ಲೂ ಮೆಟ್ಟಿಲು ಗದ್ದೆ ಇದೆ, ಮಕ್ಕಿಗದ್ದೆ ಅನ್ನುತ್ತೇವೆ. ಆದರೆ ನಮ್ಮದು ಹತ್ತೋ ಹದಿನೈದೋ ಮೆಟ್ಟಿಲು. ಇಲ್ಲಿ ಎಣಿಸಹೋಗಿ ಎಂಬತ್ತಕ್ಕೆ ಲೆಕ್ಕ ತಪ್ಪಿತು.

ವರ್ಷಕ್ಕೆ ಒಂದೇ ಬೆಳೆ. ಚಳಿ ಹೆಚ್ಚು, ಕೆಲವು ವರ್ಷ ಹಿಮವೂ ಬೀಳುತ್ತದೆ. ಎರಡನೆಯ ಬೆಳೆ ಏಳುವುದಿಲ್ಲ. ಮೇ–ಜೂನಿನಲ್ಲಿ ನಾಟಿ, ಆಗಸ್ಟ್ ಕೊನೆ–ಸೆಪ್ಟೆಂಬರಿನಲ್ಲಿ ಕೊಯ್ಲು. ಮೇಲಿನ ಒಣ ಇಳಿಜಾರಿನಲ್ಲಿ ಮುಸುಕಿನ ಜೋಳ. ನೀರಿನ ವ್ಯವಸ್ಥೆ ನೋಡಬೇಕು ನೀವು. ನೆತ್ತಿಯ ಕಾಡಿನಿಂದ ಇಳಿಯುವ ಝರಿಯನ್ನು ಸಣ್ಣ ಕಾಲುವೆಯಲ್ಲಿ, ಸೀಳಿದ ಬಿದಿರಿನಲ್ಲಿ ತಂದು ಮೇಲಿನ ಗದ್ದೆಗೆ ಬಿಡುತ್ತಾರೆ. ಅದು ತುಂಬಿ ಬದುವಿನ ಒಂದು ಕಂಡಿಯಿಂದ ಕೆಳಗಿನ ಗದ್ದೆಗೆ, ಅಲ್ಲಿಂದ ಅದರ ಕೆಳಗಿನದಕ್ಕೆ. ಪಂಪಿಲ್ಲ, ಕರೆಂಟಿಲ್ಲ. ನಮ್ಮ ಅತ್ತೆ ಮನೆಯಲ್ಲಿ ಅಡಿಕೆ ಮರ ಸೀಳಿದ ದಂಬೆಯಲ್ಲಿ ಅಬ್ಬಿ ನೀರು ಅಡಿಗೆಮನೆಯ ಹಿಂದಕ್ಕೇ ಬರುತ್ತಿದ್ದದ್ದು ನೆನಪಾಗಿ ಅಲ್ಲೇ ನಿಂತುಬಿಟ್ಟೆ.

“ಏಡಿ ಬದು ಕೊರೆಯೋದಿಲ್ವಾ?” ಎಂದು ಕೈಬೆರಳಿನಲ್ಲಿ ಏಡಿ ಮಾಡಿ ತೋರಿಸಿ ಕೇಳಿದೆ. ಹುಡುಗಿಗೆ ಆಶ್ಚರ್ಯ. “ಇಷ್ಟು ವರ್ಷದಲ್ಲಿ ಯಾವ ಪ್ರವಾಸಿಯೂ ಇದನ್ನು ಕೇಳಿರಲಿಲ್ಲ” ಎಂದಳು. ಏಡಿ ಕೊರೆಯುತ್ತದೆ, ಇಲಿ ಕೊರೆಯುತ್ತದೆ. ಒಂದು ತೂತು ಬಿಟ್ಟರೆ ರಾತ್ರಿ ಬೆಳಗಾಗುವುದರಲ್ಲಿ ಬದು ಕುಸಿದು, ಆ ಮಣ್ಣು ಕೆಳಗಿನವರ ಗದ್ದೆಗೆ. ಆಮೇಲೆ ಜಗಳ! ಅದಕ್ಕೇ ಪ್ರತಿ ವರ್ಷ ನಾಟಿಗೆ ಮೊದಲು ಬದುವನ್ನು ಕೆತ್ತಿ ಹೊಸ ಕೆಸರು ಮೆತ್ತುತ್ತಾರೆ. ಅಲ್ಲಿಂದ ಮುಂದೆ ಅವಳು ನನಗೆ ಗದ್ದೆಯ ಮಾತೇ ಆಡಿದಳು, ಹೂವು ಚಿಟ್ಟೆ ತೋರಿಸುವುದನ್ನು ಬಿಟ್ಟಳು.

ಈಗ ಒಂದು ವಿಷಯ ಹೇಳಬೇಕು. ಬರೆಯಲು ಸ್ವಲ್ಪ ನಾಚಿಕೆಯೇ.

ಊರಿನಿಂದ ಹೊರಡುವಾಗಲೇ ಬೆನ್ನಿಗೆ ಬುಟ್ಟಿ ಹೊತ್ತ ಮೂವರು ಹ್ಮಾಂಗ್ ಹೆಂಗಸರು ನಮ್ಮ ಹಿಂದೆ ಬಂದಿದ್ದರು. ಅವರ ಹಳ್ಳಿಯೂ ಅದೇ ದಾರಿಯಂತೆ. ಯಿ ಲಿನ್ ಹೋ ಹಳ್ಳಿಗೆ ಇಳಿಯುವ ಕಡೆ ದಾರಿ ಅಂದರೆ ದಾರಿಯಲ್ಲ, ಹಿಂದಿನ ರಾತ್ರಿಯ ಮಳೆಗೆ ನೆನೆದ ಕೆಂಪು ಜಾರುಬಂಡೆ. ಎರಡು ಹೆಜ್ಜೆ ಇಟ್ಟೆ, ಕಾಲು ಹೋಯಿತು. ಮೂವರಲ್ಲಿ ಒಬ್ಬಾಕೆ ತಟಕ್ಕನೆ ಕೈ ಹಿಡಿದರು. ಹಿಡಿದ ಕೈಯನ್ನು ಮುಂದಿನ ಎರಡು ಗಂಟೆ ಬಿಡಲೇ ಇಲ್ಲ. ಎಲ್ಲಿ ಕಾಲಿಡಬೇಕೆಂದು ತಾವು ಮೊದಲು ಇಟ್ಟು ತೋರಿಸುವುದು, ನನ್ನ ಬೂಟಿನ ಹಿಂದೆ ತಮ್ಮ ಪಾದ ಒತ್ತುಕೊಡುವುದು. ಅಂಗೈಯೆಲ್ಲಾ ನೀಲಿ, ಮಸಿ ಕುಡಿಕೆಗೆ ಅದ್ದಿದ ಹಾಗೆ. ನನಗಿಂತ ದೊಡ್ಡವರೆಂದುಕೊಂಡಿದ್ದೆ. ಕೇಳಿದರೆ ನಲವತ್ತಾರು! ನಾನೇ ಹನ್ನೆರಡು ವರ್ಷ ದೊಡ್ಡವಳು. ಮಾತು ಬರೋದಿಲ್ಲ, ಆದರೂ ನಡೆಯುತ್ತಾ ನಡೆಯುತ್ತಾ ಎಷ್ಟು ಮಕ್ಕಳು, ಮಂಡಿ ಯಾವುದು ನೋವು, ಎಲ್ಲವೂ ವಿಚಾರಿಸಿಕೊಂಡಾಯಿತು. ಅವರಿಗೂ ಎಡ ಮಂಡಿಯೇ.

ಮಧ್ಯಾಹ್ನ ಲಾವ್ ಚಾಯ್ ಎಂಬ ಹಳ್ಳಿ, ಹೊಳೆ ಪಕ್ಕದ ಊಟದ ಮನೆ. ನಾವು ಕುಳಿತ ಕೂಡಲೇ ಮೂವರೂ ಬುಟ್ಟಿ ಇಳಿಸಿ ಬಟ್ಟೆ ಚೀಲ, ದಿಂಬಿನ ಗವಸು, ಕೈಪಟ್ಟಿ ಹರಡಿದರು. “ಕೊಳ್ಳಿ.” ನನಗೆ ಒಳಗೆ ಚುರುಕ್ ಅಂದಿತು. ಓಹೋ, ಕೈ ಹಿಡಿದದ್ದು ಇದಕ್ಕೋ! ಸಿಟ್ಟು ಬಂತು ಅಂದರೆ ಸುಳ್ಳಲ್ಲ. ಆಕೆ ಒಂದು ದಿಂಬಿನ ಗವಸಿಗೆ ನಾಲ್ಕು ಲಕ್ಷ ಡಾಂಗ್ ಕೇಳಿದರು. ಹೆದರಬೇಡಿ, ನಮ್ಮ ಒಂದು ರೂಪಾಯಿಗೆ ಅವರದು ಹತ್ತಿರ ಹತ್ತಿರ ಮುನ್ನೂರು ಡಾಂಗ್; ಅಂದರೆ ಸುಮಾರು 1,300 ರೂಪಾಯಿ. ನಾನು ಗಾಂಧಿಬಜಾರಿನಲ್ಲಿ ಪಳಗಿದವಳು. ಒಂದೂವರೆ ಲಕ್ಷ ಎಂದೆ. ಎದ್ದು ಹೋಗುವ ಹಾಗೆ ಮಾಡಿದೆ. ಕೊನೆಗೆ ಎರಡು ಲಕ್ಷಕ್ಕೆ ಬಂತು. ಆಕೆ ದುಡ್ಡು ತಗೊಂಡು, ಬುಟ್ಟಿ ಕಟ್ಟಿ, ಒಂದು ಮಾತೂ ಆಡದೆ ಹೊರಟುಹೋದರು. ನಾನು ಗೆದ್ದೆ ಎಂದುಕೊಂಡು ಊಟ ಮಾಡಿದೆ. ನನ್ನ ವಾರಗಿತ್ತಿ ಉಳಿದಿಬ್ಬರಿಂದ ಕೇಳಿದ ಬೆಲೆಗೇ ಒಂದೊಂದು ಚೀಲ ಕೊಂಡಿದ್ದಳು. “ಅಕ್ಕ, ಪಾಪ ಕಣೇ” ಎಂದಳು. “ನಿನಗೆ ವ್ಯವಹಾರ ತಿಳಿಯೋದಿಲ್ಲ” ಎಂದೆ.

ಊಟ ಮುಗಿಸಿ ಅದೇ ಹಳ್ಳಿಯೊಳಗೆ ನಡೆದೆವು. ಮರದ ಹಲಗೆಯ ಗೋಡೆ, ಮಣ್ಣಿನ ನೆಲ, ಒಳಗೆ ಕತ್ತಲು, ನಡುವೆ ಒಲೆ. ಅಟ್ಟದಲ್ಲಿ ಜೋಳದ ತೆನೆ. ಒಲೆಯ ಮೇಲಿನ ತಟ್ಟಿಯಲ್ಲಿ ಒಣಗಿಸಿದ ದೊಡ್ಡ ಏಲಕ್ಕಿ; ಪಕ್ಕದ ಕಾಡಿನ ನೆರಳಿನಲ್ಲಿ ಬೆಳೆಯುತ್ತಾರೆ. ನಮ್ಮ ಹಸಿರು ಏಲಕ್ಕಿಯಲ್ಲ, ಪಲಾವಿಗೆ ಹಾಕುವ ಹೊಗೆವಾಸನೆಯ ಜಾತಿ. ಹೊರಗೆ ಹಳ್ಳದ ಪಕ್ಕ ಒಂದು ವಿಚಿತ್ರ ಯಂತ್ರ ಕಂಡೆ. ಉದ್ದನೆಯ ಮರದ ದಿಮ್ಮಿ. ಒಂದು ತುದಿಯಲ್ಲಿ ತೋಡಿದ ಮರಿಗೆ, ಇನ್ನೊಂದು ತುದಿಯಲ್ಲಿ ಒನಕೆ. ಬಿದಿರಿನ ನೀರು ಮರಿಗೆಗೆ ಬೀಳುತ್ತದೆ, ತುಂಬಿದಾಗ ಆ ತುದಿ ಬಾಗಿ ಒನಕೆ ಮೇಲೇಳುತ್ತದೆ; ನೀರು ಚೆಲ್ಲಿಹೋದ ಕೂಡಲೇ ಒನಕೆ ಧೊಪ್ಪನೆ ಒರಳಿನ ಭತ್ತದ ಮೇಲೆ. ಹೀಗೆ ಹಗಲೂ ರಾತ್ರಿ. ನಮ್ಮ ಅಜ್ಜಿಯರು ಎದೆ ನೋವು ಬರುವ ತನಕ ಭತ್ತ ಕುಟ್ಟಿದರಲ್ಲ, ಅಬ್ಬಿ ನೀರು ಹಿತ್ತಲಲ್ಲೇ ಇತ್ತಲ್ಲ, ನಮಗೇಕೆ ಇದು ಹೊಳೆಯಲಿಲ್ಲ ಎಂದು ನಾವಿಬ್ಬರೂ ಬಹಳ ಹೊತ್ತು ಮಾತಾಡಿಕೊಂಡೆವು. ಕುಟ್ಟುತ್ತಿದ್ದವರು ಹೆಂಗಸರು, ಅದಕ್ಕೇ ಹೊಳೆಯಲಿಲ್ಲ ಎಂದಳು ಮಗಳು.

ಮುಂದಿನ ಮನೆಯ ಅಂಗಳದಲ್ಲಿ ಒಬ್ಬ ಅಜ್ಜಿ ನಾರು ಎಳೆಯುತ್ತಿದ್ದರು. ಆ ನಾರಿನ ಗಿಡಕ್ಕೆ ಹೆಂಪ್ ಎನ್ನುತ್ತಾರೆ. ಭಂಗಿ ಗಿಡದ ಜಾತಿಯೇ, ಆದರೆ ಇದನ್ನು ಬೆಳೆಸುವುದು ಬಟ್ಟೆಗಾಗಿ. ಬಟ್ಟೆಯಾಗುವ ಕ್ರಮ ಕೇಳಿ: ಬೀಜ ಬಿತ್ತಿ, ಆಳೆತ್ತರ ಬೆಳೆದ ಮೇಲೆ ಕಡಿದು ಒಣಗಿಸಿ, ಸಿಪ್ಪೆಯನ್ನು ಎಳೆ ಎಳೆಯಾಗಿ ಸುಲಿಯುತ್ತಾರೆ. ಒಂದೊಂದು ಎಳೆಯ ತುದಿಯನ್ನೂ ಇನ್ನೊಂದರ ತುದಿಗೆ ಬೆರಳಿನಲ್ಲೇ ಹೊಸೆದು ಸೇರಿಸಬೇಕು. ಗಂಟು ಹಾಕುವ ಹಾಗಿಲ್ಲ. ಹೆಂಗಸರು ದಾರಿ ನಡೆಯುವಾಗಲೂ ಸಂತೆಗೆ ಹೋಗುವಾಗಲೂ ಈ ಕೆಲಸ ಮಾಡುತ್ತಲೇ ಇರುತ್ತಾರೆ. ಆಮೇಲೆ ಹುರಿ ಹಾಕಿ, ಬೂದಿನೀರಿನಲ್ಲಿ ಬೇಯಿಸಿ ತೊಳೆದು, ಬೆಳ್ಳಗಾದ ಮೇಲೆ ಮಗ್ಗ. ನೇಯ್ದ ಬಟ್ಟೆಗೆ ಬಿಸಿ ಜೇನುಮೇಣದಲ್ಲಿ ರಂಗೋಲಿಯ ಹಾಗೆ ಗೆರೆ ಬರೆದು ನೀಲಿಯಲ್ಲಿ ಅದ್ದುತ್ತಾರೆ. ಮೇಣ ಇದ್ದಲ್ಲಿ ಬಣ್ಣ ಹಿಡಿಯುವುದಿಲ್ಲ, ಬೇಯಿಸಿದಾಗ ಮೇಣ ಕರಗಿ ಬಿಳಿ ಚಿತ್ತಾರ ಉಳಿಯುತ್ತದೆ. ನೀಲಿ ಅಂದರೆ ನೀಲಿ ಗಿಡದ ಸೊಪ್ಪು ಕೊಳೆಹಾಕಿ, ಸುಣ್ಣ ಬೆರೆಸಿ ಮಾಡಿದ್ದು. ಒಂದು ಸಲ ಅದ್ದಿದರೆ ತಿಳಿನೀಲಿ. ಅದ್ದಿ ಒಣಗಿಸಿ, ಅದ್ದಿ ಒಣಗಿಸಿ, ವಾರಗಟ್ಟಲೆ ಮಾಡಿದರೆ ಆ ಕಪ್ಪು. ಅಂಗಿಯ ಬಟ್ಟೆಗೆ ಹೊಳಪು ಬೇಕೆಂದರೆ ಮತ್ತೂ ಒಂದು ಕೆಲಸ: ಒಂದು ಮರದ ಉರುಳೆಯ ಮೇಲೆ ಬಟ್ಟೆ ಹಾಸಿ, ಅದರ ಮೇಲೆ ಚಪ್ಪಟೆ ಕಲ್ಲಿಟ್ಟು, ಆ ಕಲ್ಲಿನ ಮೇಲೆ ಹೆಂಗಸು ನಿಂತು ಎಡಕ್ಕೂ ಬಲಕ್ಕೂ ತೂಗುತ್ತಾಳೆ. ನಮ್ಮ ಹುಡುಗಿ ನಿಂತು ತೋರಿಸಿದಳು. ನಾನು ನಿಲ್ಲಲು ಹೋಗಿ ಮಗಳ ಕೈಗೆ ಬಿದ್ದೆ.

ಚೀಲದಿಂದ ನನ್ನ ದಿಂಬಿನ ಗವಸು ತೆಗೆದು ಹುಡುಗಿಗೆ ತೋರಿಸಿದೆ. ಅಂಗಡಿಗಳಲ್ಲಿ ಯಂತ್ರದ ಬಟ್ಟೆಯೂ ಬಹಳ ಬರುತ್ತದೆಯಂತೆ, ಇದು ಯಾವುದೋ ಎಂದು. ಅವಳು ಒಳಮಗ್ಗುಲು ತಿರುಗಿಸಿ ಕಸೂತಿಯ ಹಿಂಬದಿ ನೋಡಿದಳು, ಮೂಸಿದಳು, ಒದ್ದೆ ಬೆರಳಿನಲ್ಲಿ ತಿಕ್ಕಿ ನೀಲಿಯಾದ ಬೆರಳನ್ನು ನನಗೇ ತೋರಿಸಿದಳು. “ಕೈಯದು. ಹೋದ ವರ್ಷ ಬಿತ್ತಿದ ಗಿಡ” ಎಂದಳು. ಎಷ್ಟಕ್ಕೆ ಕೊಂಡಿರಿ ಎಂದು ಕೇಳಲಿಲ್ಲ. ಊಟದ ಮನೆಯಲ್ಲಿ ಪಕ್ಕದಲ್ಲೇ ಕುಳಿತು ಕೇಳಿಸಿಕೊಂಡಿದ್ದಳಲ್ಲ.

ಸಂಜೆ ತಾ ವಾನ್ ಹಳ್ಳಿ ಸೇರಿದೆವು. ಒಟ್ಟು ಹನ್ನೆರಡು ಕಿಲೋಮೀಟರು. ಇದು ಜಾಯ್ ಜನರ ಊರು. ಇವರ ಹೆಂಗಸರದು ಗುಲಾಬಿಯೋ ಹಸಿರೋ ತೆಳುಬಣ್ಣದ ಅಂಗಿ. ಹ್ಮಾಂಗರ ಕಪ್ಪು ನೋಡಿ ನೋಡಿ ಬಂದ ಕಣ್ಣಿಗೆ ತಂಪು. ಉಳಿದದ್ದು ಅವರದೇ ಒಂದು ಮನೆಯಲ್ಲಿ. ಅಟ್ಟದ ಮೇಲೆ ಸಾಲಾಗಿ ಹಾಸಿಗೆ, ಸೊಳ್ಳೆಪರದೆ, ದಪ್ಪ ರಜಾಯಿ. ಮೇ ತಿಂಗಳಲ್ಲೂ ರಜಾಯಿ ಬೇಕಾಯಿತು. ಕಕ್ಕಸು, ಬಿಸಿನೀರು ಚೊಕ್ಕವಾಗಿದ್ದವು. ನೀವು ಕೇಳುತ್ತೀರೆಂದೇ ಬರೆದೆ.

ಊಟದ ಮಾತು. ನಮ್ಮಂಥ ಸಸ್ಯಾಹಾರಿಗಳು ಅಲ್ಲಿ ಕಲಿಯಬೇಕಾದ ಮಾತು ಒಂದೇ: ‘ಆನ್ ಚಾಯ್’. ಟೀ ಕುಡಿಯುವುದಲ್ಲ, ಸಸ್ಯಾಹಾರ ಎಂದರ್ಥ. ಹಾಗೆ ಹೇಳಿದರೂ ಒಗ್ಗರಣೆಗೆ ಮೀನಿನ ರಸ ಬೀಳಬಹುದು. ಅಡಿಗೆಮನೆಗೆ ಹೋಗಿ ಬಾಟಲಿ ತೋರಿಸಿ ಬೇಡವೆಂದು ಕೈಯಾಡಿಸಿ. ನಾವು ಹಾಗೇ ಒಳಗೆ ಹೋದವರು ಹೊರಗೆ ಬರಲಿಲ್ಲ, ಅಡಿಗೆಗೇ ಕುಳಿತೆವು. ಟೊಮೇಟೊ ಗೊಜ್ಜಿನಲ್ಲಿ ಸೋಯಾ ಪನೀರು, ಎಲೆಕೋಸು, ಬಿಸಿ ಅನ್ನ, ಮತ್ತು ಆ ಸೀಮೆಬದನೆ ಕುಡಿ.

ಬರೆದುಕೊಳ್ಳಿ. ಒಂದು ದೊಡ್ಡ ಹಿಡಿ ಎಳೆಯ ಕುಡಿ. ಉಗುರಿಗೆ ಪಟ್ಟನೆ ಮುರಿಯುವಷ್ಟು ಎಳೆಯದಿರಬೇಕು. ಸುರುಳಿ ತಂತುಗಳನ್ನು ಕಿತ್ತುಹಾಕಿ, ದಂಟಿನ ನಾರು ಎಳೆದು, ಕೈಯಲ್ಲೇ ಎರಡಂಗುಲದ ತುಂಡು ಮಾಡಿ ತೊಳೆಯಿರಿ. ಬಾಣಲೆಯಲ್ಲಿ ಎರಡು ಚಮಚ ಎಣ್ಣೆ ಚೆನ್ನಾಗಿ ಕಾದ ಮೇಲೆ ಜಜ್ಜಿದ ಎಂಟು ಹತ್ತು ಎಸಳು ಬೆಳ್ಳುಳ್ಳಿ ಹಾಕಿ, ಕೆಂಪಾಗುವ ಮುಂಚೆಯೇ ಕುಡಿ, ಉಪ್ಪು. ಉರಿ ದೊಡ್ಡದಿರಲಿ, ಮುಚ್ಚಬೇಡಿ, ಎರಡು ಮೂರು ನಿಮಿಷ ಎಡೆಬಿಡದೆ ಕೆದಕಿ ಇಳಿಸಿ. ಹಸಿರು ಮಾಸಬಾರದು, ಕರುಂ ಅನ್ನಬೇಕು. ನಾನು ಮನೆಗೆ ಬಂದು ಕೊನೆಗೆ ಒಂದು ಚಿಟಿಕೆ ಮೆಣಸಿನಪುಡಿ ಹಾಕಿ ನೋಡಿದೆ, ಚೆನ್ನಾಗಿಯೇ ಇತ್ತು. ಕಾಯಿತುರಿ ಮಾತ್ರ ಬೇಡ, ಹೊಂದುವುದಿಲ್ಲ.

ನಮ್ಮ ಚಟ್ನಿಪುಡಿಯನ್ನು ಮನೆಯೊಡತಿ ಬೆರಳಿಗೆ ಹಚ್ಚಿ ನೆಕ್ಕಿ ನೋಡಿದಳು, ಆಮೇಲೆ ಅನ್ನಕ್ಕೆ ಕಲಸಿದಳು, ಆಮೇಲೆ ಡಬ್ಬಿಯನ್ನೇ ತನ್ನ ಹತ್ತಿರ ಇಟ್ಟುಕೊಂಡಳು. ಡಬ್ಬಿ ವಾಪಸು ಬರಲಿಲ್ಲ.

ರಾತ್ರಿ ನಿದ್ದೆ ಹತ್ತಲಿಲ್ಲ. ಮಂಡಿ ನೋವಿನ ಜೊತೆಗೆ ಆ ಎರಡು ಲಕ್ಷ. ಎರಡು ಗಂಟೆ ಕೈ ಹಿಡಿದು ನಡೆಸಿದ್ದಕ್ಕೆ ಏನು ಕೊಟ್ಟೆ? ನಾಟಿಯ ಕಾಲದಲ್ಲಿ ನಮ್ಮ ಮನೆಗೆ ಬರುತ್ತಿದ್ದ ಆಳು ಹೆಂಗಸರಿಗೆ ನಮ್ಮ ಅತ್ತೆ ಕೂಲಿಯ ಮೇಲೆ ಒಂದು ಪಾವು ಅಕ್ಕಿ ಹಾಕುತ್ತಿದ್ದರು. ನಾನು ಕೂಲಿಯಲ್ಲೇ ಮುರಿದುಕೊಂಡೆನಲ್ಲ.

ಬೆಳಿಗ್ಗೆ ಹುಡುಗಿಯ ಕೈಗೆ ಎರಡು ಲಕ್ಷ ಡಾಂಗ್ ಇಟ್ಟು, “ಆ ಅಮ್ಮನಿಗೆ ಕೊಟ್ಟುಬಿಡು” ಎಂದೆ. ಅವಳು ತಗೊಳ್ಳಲಿಲ್ಲ. “ಅವರು ಒಪ್ಪಿಯೇ ಕೊಟ್ಟದ್ದು. ಈಗ ಕಳಿಸಿದರೆ ಭಿಕ್ಷೆ ಆಗುತ್ತದೆ, ಅವರು ನನ್ನ ಮೇಲೆ ಸಿಟ್ಟಾಗುತ್ತಾರೆ. ಬೇಕಾದರೆ ಇನ್ನೊಂದು ಕೊಳ್ಳಿ, ಅವರ ಬೆಲೆಗೆ.” “ಅವರೆಲ್ಲಿ ಸಿಗುತ್ತಾರೆ ಈಗ?” ಎಂದರೆ ಜೇಬಿನಿಂದ ಮೊಬೈಲು ತೆಗೆದು ಅಲ್ಲೇ ಮಾತಾಡಿದಳು. ನಾನು ಅವರನ್ನು ಯಾವ ಯುಗದವರು ಎಂದುಕೊಂಡಿದ್ದೆನೋ!

ಎರಡನೆಯ ದಿನದ ನಡಿಗೆ ಸುಲಭ. ಬಿದಿರು ಮೆಳೆಯ ನಡುವೆ ನೆರಳಿನ ದಾರಿ, ಮುಂದೆ ಜಾಂಗ್ ತಾ ಚಾಯ್ ಎಂಬ ಕೆಂಪು ಜಾವ್ ಜನರ ಹಳ್ಳಿ. ಈ ಹೆಂಗಸರು ಹುಬ್ಬನ್ನೂ ಹಣೆಯ ಮೇಲಿನ ಕೂದಲನ್ನೂ ಬೋಳಿಸಿ, ತಲೆಗೆ ಗೊಂಡೆಗಳುಳ್ಳ ದಪ್ಪ ಕೆಂಪು ಬಟ್ಟೆ ಸುತ್ತುತ್ತಾರೆ. ಗಿಡಮೂಲಿಕೆಯಲ್ಲಿ ಪಳಗಿದವರು. ಹತ್ತಾರು ಬಗೆಯ ಸೊಪ್ಪು, ತೊಗಟೆ ಕುದಿಸಿ ಮರದ ಪೀಪಾಯಿಯಲ್ಲಿ ತುಂಬಿ ಸ್ನಾನಕ್ಕೆ ಕೂರಿಸುತ್ತಾರೆ. ಬಾಣಂತಿಯರಿಗೆ ಇದು ಕಡ್ಡಾಯವಂತೆ. ನಮ್ಮ ಬಾಣಂತಿ ಸ್ನಾನದ ನೆಕ್ಕಿಸೊಪ್ಪಿನ ನೀರು ನೆನಪಾಯಿತು. ನಾವು ಮಾಡಲಿಲ್ಲ, ಹೊತ್ತಾಗಿತ್ತು. ಈ ಕಣಿವೆಯಲ್ಲಿ ಚಿತ್ರ ಕೊರೆದ ಹಳೆಯ ಬಂಡೆಗಳೂ ಇವೆ. 1925ರಲ್ಲಿ ಗೊಲುಬೆವ್ ಎಂಬ ವಿದ್ವಾಂಸರು ಅವನ್ನು ಹೊರಜಗತ್ತಿಗೆ ತಿಳಿಸಿದರು. ಗೆರೆಗಳು ಮೆಟ್ಟಿಲು ಗದ್ದೆಯ ನಕ್ಷೆಯ ಹಾಗೇ ಕಾಣುತ್ತವೆ.

ದಾರಿಯಲ್ಲಿ ಆರೇಳು ವರ್ಷದ ಹುಡುಗಿಯೊಬ್ಬಳು ಬೆನ್ನಿಗೆ ತಮ್ಮನನ್ನು ಕಟ್ಟಿಕೊಂಡು ದಾರದ ಕೈಪಟ್ಟಿ ಚಾಚಿದಳು. ನನ್ನ ವಾರಗಿತ್ತಿಯ ಕೈ ಆಗಲೇ ಪರ್ಸಿನಲ್ಲಿತ್ತು. ನಮ್ಮ ಹುಡುಗಿ ತಡೆದಳು. “ಮಕ್ಕಳಿಂದ ಕೊಳ್ಳಬೇಡಿ. ಇಲ್ಲಿ ದುಡ್ಡು ಸಿಕ್ಕಿದರೆ ನಾಳೆ ಶಾಲೆಗೆ ಹೋಗೋದಿಲ್ಲ. ನಾನೂ ಹೀಗೇ ಬಿಟ್ಟದ್ದು” ಎಂದಳು. ಮಗುವಿನ ಮುಖ ನೋಡಿ ಹಾಗೇ ಮುಂದೆ ಹೋಗುವುದು ಸುಲಭವಲ್ಲ. ವಾರಗಿತ್ತಿ ಹತ್ತು ಹೆಜ್ಜೆ ಹೋಗಿ ತಿರುಗಿ ನೋಡಿದಳು, ಇನ್ನೂ ಹತ್ತು ಹೋಗಿ ಮತ್ತೆ ತಿರುಗಿದಳು.

ಮೇಲೆ ರಸ್ತೆಗೆ ಹತ್ತಿದಾಗ ನಮ್ಮ ವ್ಯಾನು ಕಾಯುತ್ತಿತ್ತು. ಅದರ ಪಕ್ಕದಲ್ಲಿ ಒಂದು ಮೋಟಾರು ಸೈಕಲ್ಲು, ಮೇಲೆ ಆಕೆಯ ಮಗ, ಕೆಳಗೆ ಬುಟ್ಟಿಯೊಂದಿಗೆ ಆಕೆ! ಇನ್ನೊಂದು ಗವಸು ತೆಗೆದರು. ಬೆಲೆ ಕೇಳಿದೆ. ನಾಲ್ಕು ಲಕ್ಷ. ಕೊಟ್ಟೆ. ಆಕೆಗೆ ಅನುಮಾನ ಬಂತು. ನೋಟನ್ನು ಬೆಳಕಿಗೆ ಹಿಡಿದು ನೋಡಿದರು, ಎರಡು ಸಲ ಎಣಿಸಿದರು, ಹುಡುಗಿಯ ಕಡೆ ತಿರುಗಿ ಏನೋ ಕೇಳಿದರು. ಹುಡುಗಿ ಜೋರಾಗಿ ನಕ್ಕಳು. “ನಿನ್ನೆ ನಿಮಗೆ ಹುಷಾರಿರಲಿಲ್ಲವೇ ಅಂತ ಕೇಳ್ತಾ ಇದ್ದಾರೆ” ಎಂದಳು. ಆಮೇಲೆ ಆಕೆ ಬುಟ್ಟಿಯ ತಳದಿಂದ ಒಂದು ಕಸೂತಿ ಕೈಪಟ್ಟಿ ತೆಗೆದು ನನ್ನ ಮಣಿಕಟ್ಟಿಗೆ ತಾವೇ ಕಟ್ಟಿದರು. ದುಡ್ಡು ಬೇಡ ಎಂದು ಕೈಯಾಡಿಸಿದರು. ನಮ್ಮೂರ ಸಂತೆಯಲ್ಲಿ ಸೊಪ್ಪಿನವಳು ಕೊನೆಗೊಂದು ಹಿಡಿ ಕೊಸರು ಹಾಕುವುದಿಲ್ಲವೇ, ಹಾಗೆ.

ನೀವು ಹೋಗುವುದಾದರೆ ಒಂದೆರಡು ಮಾತು. ಸೀರೆ ನಡೆಯುವುದಿಲ್ಲ; ಸಲ್ವಾರು ಆದೀತು, ಅಂಚು ಮೇಲಿರಲಿ. ಒಂದು ಶಾಲು, ಕೊಡೆಗಿಂತ ಮಳೆಕೋಟು, ಊರುಗೋಲು. ಅಲ್ಲೇ ಬಿದಿರಿನ ಕೋಲು ಸಿಗುತ್ತದೆ. ದಾರಿ ತೋರಿಸಲು ಹಳ್ಳಿಯವರೇ ಆದ ಹೆಂಗಸರನ್ನು ಕೇಳಿ ಪಡೆಯಿರಿ. ಕೊಟ್ಟ ದುಡ್ಡು ನೇರ ಅವರ ಮನೆಗೆ ಹೋಗುತ್ತದೆ. ನೀರು ತುಂಬಿದ ಗದ್ದೆ ಬೇಕಾದರೆ ಮೇ, ಹೊಂಬಣ್ಣದ ಪೈರು ಬೇಕಾದರೆ ಸೆಪ್ಟೆಂಬರ್. ಆದರೆ ಸೆಪ್ಟೆಂಬರಿನಲ್ಲಿ ಬಿರುಗಾಳಿಯ ಭಯವೂ ಉಂಟು.

ಆ ಭಯ ಎಂಥದೆಂದು ಅದೇ ವರ್ಷ ತಿಳಿಯಿತು. ಗಣೇಶನ ಹಬ್ಬದ ದಿನ, 2024ರ ಸೆಪ್ಟೆಂಬರ್ 7ರಂದು, ಯಾಗಿ ಎಂಬ ಚಂಡಮಾರುತ ಉತ್ತರ ವಿಯೆಟ್ನಾಮಿಗೆ ಬಡಿಯಿತು. ಮೂರು ದಿನದ ಮೇಲೆ ಅದೇ ಲಾವ್ ಕೈ ಪ್ರಾಂತ್ಯದಲ್ಲಿ ಲಾಂಗ್ ನು ಎಂಬ ಹಳ್ಳಿಯ ಮೇಲೆ ಗುಡ್ಡ ಜಾರಿ ಹಳ್ಳಿಗೆ ಹಳ್ಳಿಯೇ ಮುಚ್ಚಿಹೋಯಿತು. ಐವತ್ತಕ್ಕೂ ಹೆಚ್ಚು ಜನ ಸತ್ತರು. ಟೀವಿಯಲ್ಲಿ ಕೆಂಪು ಮಣ್ಣು ತೋರಿಸುವಾಗ ನನಗೆ ಆ ಜಾರುವ ದಾರಿಯೇ ಕಣ್ಣಿಗೆ ಕಟ್ಟಿತು. ಮಗಳು ಹುಡುಗಿಗೆ ಮೆಸೇಜು ಕಳಿಸಿದಳು. ಒಂದು ದಿನ ಇಲ್ಲ, ಎರಡು ದಿನ ಇಲ್ಲ. ನಾನು ದಿನಕ್ಕೆ ನಾಲ್ಕು ಸಲ ಫೋನು ಮಾಡಿ, “ಬಂತೇನೇ?” ಎಂದು ಕೇಳುವುದು, ಅವಳು, “ಅಮ್ಮಾ, ಕರೆಂಟು ಹೋಗಿರುತ್ತೆ ಅಲ್ಲಿ” ಎನ್ನುವುದು. ನಾಲ್ಕನೆಯ ದಿನ ರಾತ್ರಿ ಹತ್ತು ಗಂಟೆಗೆ ಉತ್ತರ ಬಂತು, ಬರೆದದ್ದಲ್ಲ, ಮಾತಾಡಿ ಕಳಿಸಿದ್ದು. ಮನೆಯವರೆಲ್ಲಾ ಕ್ಷೇಮ. ಕೊಯ್ಲಿಗೆ ಬಂದಿದ್ದ ಗದ್ದೆಯಲ್ಲಿ ಮೂರು ಮೆಟ್ಟಿಲು ಕೊಚ್ಚಿಹೋಗಿದೆ. ಆ ಅಮ್ಮನೂ ಚೆನ್ನಾಗಿದ್ದಾರೆ; ಮಂಡಿ ಹೇಗಿದೆ ಅಂತ ಕೇಳುತ್ತಿದ್ದಾರೆ. ಕೊನೆಯಲ್ಲಿ ಹಿಂದಿನಿಂದ ಮಗುವಿನ ಅಳು, ಯಾರೋ ಹೆಂಗಸು ರಮಿಸುವ ದನಿ. ಅತ್ತೆಯೇ ಇರಬೇಕು.

ಮರು ವರ್ಷದ ನಾಟಿಗೆ ಮೂರರಲ್ಲಿ ಎರಡು ಮೆಟ್ಟಿಲು ಮತ್ತೆ ಕಟ್ಟಿದ್ದಾರೆಂದು ಚಿತ್ರ ಕಳಿಸಿದ್ದಳು. ಹೊಸ ಬದು ಇನ್ನೂ ಹಸಿಯಾಗಿ, ಕೆಂಪಗೆ, ಉಳಿದವುಗಳ ನಡುವೆ ಎದ್ದು ಕಾಣುತ್ತಿತ್ತು.

ಗವಸುಗಳಲ್ಲಿ ಎರಡು ಲಕ್ಷದ್ದನ್ನು ನಾನಿಟ್ಟುಕೊಂಡು ನಾಲ್ಕು ಲಕ್ಷದ್ದನ್ನು ವಾರಗಿತ್ತಿಗೆ ಕೊಟ್ಟೆ. ನಿಮ್ಮಲ್ಲಿ ಯಾರಾದರೂ ಇಂಥ ನೀಲಿ ಬಟ್ಟೆ ತಂದರೆ ಮೊದಲ ಸಲ ತಣ್ಣೀರಿಗೆ ಒಂದು ಹಿಡಿ ಉಪ್ಪು ಹಾಕಿ ಅದೊಂದನ್ನೇ ನೆನೆಸಿ, ಹಿಂಡದೆ ನೆರಳಿನಲ್ಲಿ ಒಣಗಿಸಿ. ಆದರೂ ಬಣ್ಣ ಬಿಡುತ್ತದೆ. ನಾನು ಐದು ಸಲ ಒಗೆದಿದ್ದೇನೆ. ಹೋದ ವಾರ ನಮ್ಮವರು ಅದಕ್ಕೆ ಒರಗಿ ಪೇಪರು ಓದಿ ಎದ್ದರೆ ಬಿಳಿ ಜುಬ್ಬದ ಬೆನ್ನೆಲ್ಲಾ ನೀಲಿ.